‘ನಾನು ಯಾರು’ ಎಂದು ಕೇಳುವ ಸ್ವಾತಂತ್ರ್ಯ

2004ರಲ್ಲಿ ರಬ್ಬಿ ಶೇರ್‌ಗಿಲ್‌ನ ಮೊದಲ ಆಲ್ಬಂ ‘ರಬ್ಬಿ’ ಹೊರಬಂದಾಗ, ಪಂಜಾಬಿ ಹಾಡು ಎಂದರೆ ಡೋಲಿನ ಅಬ್ಬರ, ಮದುವೆ ಮನೆಯ ಕುಣಿತ ಎಂಬ ಭಾವನೆ ದೇಶದೆಲ್ಲೆಡೆ ಬೇರೂರಿತ್ತು. ಅಂಥ ಹೊತ್ತಿನಲ್ಲಿ ಪಗಡಿ ಧರಿಸಿದ ಯುವಕನೊಬ್ಬ ಗಿಟಾರ್ ಹಿಡಿದು, ಸದ್ದುಗದ್ದಲವಿಲ್ಲದೆ, ಹದಿನೆಂಟನೇ ಶತಮಾನದ ಸೂಫಿ ಬುಲ್ಲೇ ಶಾನ ಕಾವ್ಯ ಹಾಡಿದ. ‘ಬುಲ್ಲಾ ಕೀ ಜಾನಾ’ ಮನೆಮಾತಾಯಿತು. ಭಾಷೆ ಅರ್ಥವಾಗದ ನಮ್ಮ ಕರಾವಳಿಯ ಹುಡುಗರೂ ಅದನ್ನು ಗುನುಗಿದರು.

ಗುರ್‌ಪ್ರೀತ್ ಸಿಂಗ್ ಎಂಬುದು ರಬ್ಬಿಯ ಮೂಲ ಹೆಸರು. ದಿಲ್ಲಿಯವನು. ತಂದೆ ಸಿಖ್ ಧರ್ಮ ಪ್ರವಚನಕಾರ, ತಾಯಿ ಪಂಜಾಬಿ ಕವಯಿತ್ರಿ, ಅಕ್ಕ ಗಗನ್ ಗಿಲ್ ಹಿಂದಿಯ ಹೆಸರಾಂತ ಕವಯಿತ್ರಿ. 1988ರಲ್ಲಿ ದಿಲ್ಲಿಗೆ ಬಂದ ಬ್ರೂಸ್ ಸ್ಪ್ರಿಂಗ್‌ಸ್ಟೀನ್‌ನನ್ನು ಕೇಳಿದ ಮೇಲೆ ಸಂಗೀತಗಾರನಾಗಲು ನಿರ್ಧರಿಸಿದ ಈತ ಮುಂದೆ ಕಟ್ಟಿದ ರಾಕ್ ತಂಡದ ಹೆಸರು ‘ಕಾಫಿರ್’. ಕಾಫಿರ್‌ನಿಂದ ರಬ್ಬಿಗೆ! ನಮಾಝಿನ ರುಕೂ, ಸುಜೂದ್‌ಗಳಲ್ಲಿ ನಾವು ದಿನಕ್ಕೆ ಹತ್ತಾರು ಬಾರಿ ಉಚ್ಚರಿಸುವ ‘ನನ್ನ ಪ್ರಭು’ ಎಂಬರ್ಥದ ಪದ ಒಬ್ಬ ಸರ್ದಾರ್ಜಿಯ ಹೆಸರಾಗಿರುವುದು ಪಂಜಾಬಿನ ನೆಲದಲ್ಲಿ ಅಚ್ಚರಿಯ ಸಂಗತಿಯಲ್ಲ.

ಬುಲ್ಲೇ ಶಾನ ಆ ಕಾವ್ಯ ಮತ, ಊರು, ಶುದ್ಧಿ, ಮೈಲಿಗೆ ಹೀಗೆ ಒಂದೊಂದೇ ಗುರುತನ್ನು ಕಳಚಿಡುತ್ತಾ ಹೋಗುತ್ತದೆ. ಪಾಕಿಸ್ತಾನದ ‘ಜುನೂನ್’ ತಂಡ 1999ರಲ್ಲೇ ಅದನ್ನು ರಾಕ್‌ಗೆ ಅಳವಡಿಸಿತ್ತು. ಆದರೆ ರಬ್ಬಿಯ ಹಾಡು ಇಲ್ಲಿ ಗೆದ್ದ ಬಗೆ ಬೇರೆ. ‘ನನಗೆ ಯಾವ ಗುರುತೂ ಇಲ್ಲ’ ಎಂಬ ಮಾತು ನಗರದ ವಿದ್ಯಾವಂತರಿಗೆ ಬಹಳ ಹಿತವೆನಿಸಿತು. ಮಸೀದಿ, ನಮಾಝ್‌ಗಳ ತೊಡಕಿಲ್ಲದ ಒಬ್ಬ ‘ಒಳ್ಳೆಯ ಸೂಫಿ’ ಅವರಿಗೆ ಸಿಕ್ಕಿದ್ದ. ಸೂಫಿ ಎಂಬುದು ಕ್ಯಾಸೆಟ್ ಅಂಗಡಿಯ ಒಂದು ಕಪಾಟಿನ ಹೆಸರಾದುದೂ ಹೆಚ್ಚುಕಡಿಮೆ ಆ ಕಾಲದಲ್ಲೇ.

ಇಲ್ಲೊಂದು ಪ್ರಶ್ನೆ ಏಳುತ್ತದೆ. ‘ನಾನು ಯಾರೋ ನನಗೇ ತಿಳಿಯದು’ ಎನ್ನುವ ಸ್ವಾತಂತ್ರ್ಯ ಯಾರಿಗುಂಟು? ಬಾಡಿಗೆ ಮನೆ ಹುಡುಕುವಾಗ, ರಾತ್ರಿ ಪೊಲೀಸ್ ತಪಾಸಣೆಯಲ್ಲಿ ಹೆಸರು ಹೇಳುವಾಗ, ಮುಸ್ಲಿಮನೊಬ್ಬ ಯಾರೆಂಬುದನ್ನು ಇತರರು ಮೊದಲೇ ತೀರ್ಮಾನಿಸಿರುತ್ತಾರೆ. ಬುಲ್ಲೇ ಶಾನ ನಿರಾಕರಣೆಯೂ ಪುಕ್ಕಟೆಯದಾಗಿರಲಿಲ್ಲ. ಸಯ್ಯದ್ ವಂಶದ ಆತ ಅರಾಯಿ ಎಂಬ ರೈತ ಸಮುದಾಯದ ಶಾ ಇನಾಯತರನ್ನು ಮುರ್ಶಿದ್ ಆಗಿ ಸ್ವೀಕರಿಸಿದ್ದಕ್ಕೆ ಮನೆಯವರೇ ಹೀಯಾಳಿಸಿದರೆಂಬ ಐತಿಹ್ಯವಿದೆ. ಗೋವಿಂದ ಭಟ್ಟರ ಶಿಷ್ಯನಾದ ಶಿಶುನಾಳ ಶರೀಫರನ್ನು ಬಲ್ಲ ಕನ್ನಡಿಗರಿಗೆ ಇದನ್ನು ವಿವರಿಸಬೇಕಾಗಿಲ್ಲ. (2008ರಲ್ಲಿ ರಘು ದೀಕ್ಷಿತ್ ಕೂಡ ತನ್ನ ಮೊದಲ ಆಲ್ಬಂನಲ್ಲಿ ಶರೀಫರನ್ನು ಗಿಟಾರಿಗೆ ತಂದರು.)

ಆದ್ದರಿಂದಲೇ ರಬ್ಬಿಯ ತಲೆಯ ಮೇಲಿನ ಪಗಡಿ ನನಗೆ ಮುಖ್ಯವೆನಿಸುತ್ತದೆ. 1984ರ ನವೆಂಬರ್‌ನಲ್ಲಿ ದಿಲ್ಲಿಯ ಬೀದಿಗಳಲ್ಲಿ ಗುಂಪುಗಳು ಹುಡುಕಿ ಹುಡುಕಿ ಕೊಂದದ್ದು ಅದೇ ಗುರುತನ್ನು ಹೊತ್ತವರನ್ನು. ಆಗ ರಬ್ಬಿ ಆ ನಗರದ ಹನ್ನೊಂದರ ಹರೆಯದ ಬಾಲಕ. ಗುರುತನ್ನು ಕಳಚಿಡುವ ಹಾಡನ್ನು ಗುರುತು ತೆಗೆದಿಡದವನೇ ಹಾಡಿದಾಗ ಅದು ಬರೀ ತತ್ವಪದವಾಗಿ ಉಳಿಯುವುದಿಲ್ಲ.

ಆಲ್ಬಂನ ನಿಜವಾದ ತಿರುಳು ‘ಜುಗ್ನಿ’ಯಲ್ಲಿದೆ. ಊರೂರು ಅಲೆದು ಕಂಡದ್ದನ್ನು ಹೇಳುವ ಜುಗ್ನಿ ಪಂಜಾಬಿ ಜಾನಪದದ ಹಳೆಯ ಪಾತ್ರ. ರಬ್ಬಿ ಅವಳನ್ನು ಕಾಶ್ಮೀರಕ್ಕೆ ಕಳುಹಿಸುತ್ತಾನೆ. ಅಲ್ಲಿ ಅವಳಿಗೆ ಕಾಣುವುದು ದಿನನಿತ್ಯದ ಸಾವು. ಬುಲ್ಲಾನ ‘ನಾನು ಯಾರು’ ಎಂಬ ಪ್ರಶ್ನೆಯನ್ನು ಈ ಹಾಡಿನ ಪಕ್ಕದಲ್ಲಿಟ್ಟು ಕೇಳಬೇಕು. ಹಾಗೆ ಕೇಳಿದವರು ಕಡಿಮೆ. ‘ಇಷ್ತಿಹಾರ್’ ಕೂಡ ಅಷ್ಟೇ ಚೆಲುವಾದ ಹಾಡು. ಶಿವಕುಮಾರ್ ಬಟಾಲ್ವಿ, ಪ್ರೀತಿ ಎಂಬ ಹೆಸರಿನ ಹುಡುಗಿ ಕಳೆದುಹೋಗಿದ್ದಾಳೆಂದು ಕೊಟ್ಟ ಪ್ರಕಟಣೆಯಂತಿದೆ ಆ ಕವನ. ವಿಭಜನೆಯಲ್ಲಿ ಹುಟ್ಟೂರು ಗಡಿಯಾಚೆ ಉಳಿದ ಕವಿ ಆತ. ರಬ್ಬಿಯ ಒರಟು, ತಗ್ಗಿನ ದನಿ ಇದಕ್ಕೆ ಹೇಳಿ ಮಾಡಿಸಿದಂತಿದೆ.

ಅದೇ ದನಿ ವಾರಿಸ್ ಶಾನ ‘ಹೀರ್’ನಲ್ಲಿ ಸೋಲುತ್ತದೆ. ಸಾಂಪ್ರದಾಯಿಕ ಗಾಯಕರು ಎಳೆದೆಳೆದು ಹಾಡಿ ಎದೆ ಕಲಕುವ ಆ ಕಥನಕ್ಕೆ ಬೇಕಾದ ಹರವು ಈತನಿಗಿಲ್ಲ. ‘ಅಜ್ಜ್ ನಚ್ನಾ’ದಂಥ ಹಾಡುಗಳು ಬಂದು ಹೋಗುತ್ತವೆ, ನೆನಪಿನಲ್ಲಿ ನಿಲ್ಲುವುದಿಲ್ಲ.

ಜುಗ್ನಿಯ ದಾರಿ ರಬ್ಬಿಯನ್ನು ಎಲ್ಲಿಗೆ ಕರೆದೊಯ್ಯಿತು ಎಂಬುದು 2008ರ ಎರಡನೇ ಆಲ್ಬಂ ‘ಆವೇಂಗೀ ಜಾ ನಹೀಂ’ನಲ್ಲಿ ಗೊತ್ತಾಯಿತು. ಅದರಲ್ಲಿ ಬಿಲ್ಕೀಸ್ ಬಾನು ಹೆಸರಿನ ಹಾಡಿದೆ. ಹೆದ್ದಾರಿ ಕಾಮಗಾರಿಯ ಭ್ರಷ್ಟಾಚಾರ ಬಯಲಿಗೆಳೆದು 2003ರಲ್ಲಿ ಹತ್ಯೆಯಾದ ಸತ್ಯೇಂದ್ರ ದುಬೆ, ಕಲಬೆರಕೆ ಮಾಡುತ್ತಿದ್ದ ಪೆಟ್ರೋಲ್ ಬಂಕ್ ವಿರುದ್ಧ ಕ್ರಮ ಕೈಗೊಂಡು 2005ರಲ್ಲಿ ಉತ್ತರಪ್ರದೇಶದಲ್ಲಿ ಗುಂಡಿಗೆ ಬಲಿಯಾದ ನಮ್ಮ ಕೆಜಿಎಫ್‌ನ ಮಂಜುನಾಥ್ ಷಣ್ಮುಗಂ ಅದೇ ಹಾಡಿನಲ್ಲಿ ಬರುತ್ತಾರೆ. ಇಲ್ಲಿ ಯಾರ ಗುರುತೂ ಕಳಚುವುದಿಲ್ಲ, ಪ್ರತಿಯೊಬ್ಬರೂ ಹೆಸರು ಹಿಡಿದೇ ಬರುತ್ತಾರೆ. ಬಿಲ್ಕೀಸ್ ಪ್ರಕರಣದ 11 ಅಪರಾಧಿಗಳನ್ನು 2022ರ ಆಗಸ್ಟ್ 15ರಂದು ಬಿಡುಗಡೆಗೊಳಿಸಿದಾಗ, 2024ರ ಜನವರಿಯಲ್ಲಿ ಸುಪ್ರೀಂ ಕೋರ್ಟ್ ಆ ಬಿಡುಗಡೆಯನ್ನು ರದ್ದುಪಡಿಸಿದಾಗ ನಾನು ಮತ್ತೆ ಕೇಳಿದ್ದು ಅದೇ ಹಾಡನ್ನು. ‘ಬುಲ್ಲಾ’ ಬಾಯಿಪಾಠವಿರುವ ಅನೇಕರಿಗೆ ಅಂಥದೊಂದು ಹಾಡಿರುವುದೇ ತಿಳಿದಿಲ್ಲ.