ಕೆಲಸದವರ ಕೋಣೆಯ ಹುಡುಗಿ

ದಕ್ಷಿಣ ಕನ್ನಡದ ಕೊಕ್ಕಡದ ಕಡೆಯ ಮನೆಗಳಲ್ಲಿ ತಾಯಿ ತಡ್ಪೆ (ಮೊರ) ಮಡಿಲಲ್ಲಿಟ್ಟು ಬೀಡಿ ಕಟ್ಟುತ್ತಾ ಟಿವಿ ಧಾರಾವಾಹಿ ನೋಡಿದರೆ, ಕಾಲೇಜಿನ ಮಗಳು ಇಯರ್‌ಫೋನ್ ಸಿಕ್ಕಿಸಿಕೊಂಡು ಮೊಬೈಲಿನಲ್ಲಿ ಕೊರಿಯಾದ್ದು ನೋಡುತ್ತಾಳೆ. ಕಥೆ ಇಬ್ಬರದೂ ಒಂದೇ: ಇಲ್ಲದವರ ಮನೆಯ ಹುಡುಗಿ, ಕಂಪನಿ ಮಾಲೀಕರ ಹುಡುಗ. ಆದರೂ ಮಗಳು ನೋಡುವುದೇ ಒಂದು ಕೈ ಮೇಲು ಎನ್ನುತ್ತೇನೆ.

2013ರಲ್ಲಿ ಬಂದ ಕೊರಿಯಾದ ‘ದಿ ಏರ್ಸ್’ ನೋಡಿ. ನಾಯಕಿ ಉನ್-ಸಂಗ್‌ಳ ತಾಯಿಗೆ ಮಾತು ಬಾರದು. ಜೆಗುಕ್ ಕಂಪನಿಯ ಧಣಿಗಳ ಬಂಗಲೆಯಲ್ಲೇ ಉಳಿದು ಮನೆಗೆಲಸ ಮಾಡುತ್ತಾಳೆ. ಮಗಳೂ ಬಂದು ಕೆಲಸದವರ ಆ ಇಕ್ಕಟ್ಟು ಕೋಣೆ ಸೇರುತ್ತಾಳೆ. ಅಮೆರಿಕದಲ್ಲಿ ಅವಳಿಗೆ ಮನಸೋತ ಕಿಮ್ ತಾನ್ ಅದೇ ಮನೆಯ ಮಗ. ಅವಳು ತನ್ನ ಸೂರಿನಡಿಯೇ ಇರುವುದು ಅವನಿಗೆ ಕೂಡಲೇ ತಿಳಿಯುವುದೂ ಇಲ್ಲ. ಸಿರಿವಂತಿಕೆಯನ್ನು ಹೀಗೆ ತೋರಿಸಬೇಕು. ಶ್ರೀಮಂತರ ಶಾಲೆಯಲ್ಲಿ ಅವಳು ಹೊಸ ದುಡ್ಡಿನವರ ಮಗಳಂತೆ ನಟಿಸುವ ಕಂತುಗಳಲ್ಲಂತೂ ಸಿಕ್ಕಿಬೀಳುವ ಭಯ ನೋಡುವವರಿಗೂ ತಟ್ಟುತ್ತದೆ.

ಆಮೇಲೆ ಧಾರಾವಾಹಿ ಸೊರಗುತ್ತದೆ. ಇಬ್ಬರು ಹುಡುಗರ ಮುನಿಸು, ದುಬಾರಿ ಸ್ವೆಟರು, ಕಣ್ಣೀರು. ನನ್ನ ಮಟ್ಟಿಗೆ ಪ್ರಾಮಾಣಿಕವಾದದ್ದು ತಾನ್‌ನ ಅಣ್ಣ ಕಿಮ್ ವೊನ್‌ನ ಉಪಕಥೆ: ಕಂಪನಿ ಕೈತಪ್ಪಬಾರದೆಂದು ಅವನು ತಾನು ಪ್ರೀತಿಸಿದ ಅನಾಥ ಟೀಚರನ್ನು ಬಿಟ್ಟುಕೊಡುತ್ತಾನೆ. ತಮ್ಮನ ಪ್ರೇಮ ಗೆಲ್ಲುತ್ತದೆ, ಆಸ್ತಿ ಇದ್ದಲ್ಲೇ ಇರುತ್ತದೆ.

ನಮ್ಮ ಕನ್ನಡದ ಧಾರಾವಾಹಿ ‘ಜೊತೆ ಜೊತೆಯಲಿ’ 2019ರಲ್ಲಿ ಶುರುವಾದಾಗ ಮನೆಮಾತಾಗಿತ್ತು, ಮೂಲ ಮರಾಠಿಯದು. ನಾಯಕ ಆರ್ಯವರ್ಧನನ ಸಿರಿತನವೆಂದರೆ ಕಾರು, ಕೋಟು, ಗತ್ತು. ನಾಯಕಿ ಅನು ಸಿರಿಮನೆ ಬೆರಗಾಗುತ್ತಾಳೆ, ಆರ್ಯವರ್ಧನನಾಗಿ ಅನಿರುದ್ಧ್ ಸೊಗಸಾಗಿ ನಡೆಯುತ್ತಾರೆ. ಆ ಮನೆಯ ಪಾತ್ರೆ ಯಾರು ತೊಳೆಯುತ್ತಾರೆ, ಅವರು ರಾತ್ರಿ ಎಲ್ಲಿ ಮಲಗುತ್ತಾರೆ ಎಂಬುದು ಕಥೆಗೆ ಬೇಕಾಗಿಲ್ಲ. ವಯಸ್ಸಿನ ಅಂತರದ ಬಗ್ಗೆ ಊರೆಲ್ಲ ಚರ್ಚೆ ಮಾಡಿತು, ದುಡ್ಡಿನ ಅಂತರದ ಸುದ್ದಿ ಅಷ್ಟಾಗಿ ಏಳಲಿಲ್ಲ.

ಇನ್ನೊಂದು ತಕರಾರು. ಕೊರಿಯಾದ ಧಣಿಗಳು ಹುಡುಗಿಯ ಮುಖಕ್ಕೇ ‘ನೀನು ನಮ್ಮ ಅಂತಸ್ತಿನವಳಲ್ಲ’ ಎಂದುಬಿಡುತ್ತಾರೆ. ನಮ್ಮ ಕಡೆ ಸಂಬಂಧ ಕೇಳಿ ಬಂದವರು ಮೊದಲು ವಿಚಾರಿಸುವುದು ಜಾತಿ, ಆಮೇಲೆ ತಾಯಿಯ ಕಡೆಯ ಕುಲವಾದ ‘ಬರಿ’, ಜಮೀನ್ದಾರಿ ಗುತ್ತಿನವರೋ ಗೇಣಿಯ ಒಕ್ಕಲಿನವರೋ ಎಂಬುದು. ಆಸ್ತಿಯ ಲೆಕ್ಕ ಅದರ ಹಿಂದೆಯೇ ಬರುತ್ತದೆ. ಧಾರಾವಾಹಿಯವರು ಇದಕ್ಕೆಲ್ಲ ‘ಅಂತಸ್ತು’ ಎಂಬ ಪರದೆ ಎಳೆದು ಕೂತಿದ್ದಾರೆ. ಇಲ್ಲೇ ಪಕ್ಕದ ಧರ್ಮಸ್ಥಳದಲ್ಲಿ 1972ರಿಂದ ಸಾಮೂಹಿಕ ವಿವಾಹ ನಡೆಯುತ್ತಿದೆ, ವರದಕ್ಷಿಣೆಯಿಲ್ಲದೆ. ಅಂತರ್ಜಾತಿ ಜೋಡಿಗಳೂ ಅಲ್ಲಿ ಹಾರ ಬದಲಿಸುತ್ತವೆ. ಅಂಥ ಜೋಡಿ ಹುಡುಗನ ಮನೆ ಮೆಟ್ಟಿಲು ಹತ್ತಿದ ಸಂಜೆಯನ್ನು ಒಂದು ಕಂತು ಪೂರ್ತಿ ತೋರಿಸುವ ಎದೆಗಾರಿಕೆ ಯಾವ ಚಾನೆಲ್ಲಿಗಿದೆ?