ಕಿರುಪಾತ್ರಗಳ ಹಿರಿಯ ನಟ

ಚಲನಚಿತ್ರವೆಂದೊಡನೆ ನಾಯಕ, ನಾಯಕಿಯರ ಮುಖಗಳೇ ನಮ್ಮ ಕಣ್ಣಮುಂದೆ ಸುಳಿಯುತ್ತವೆ. ಆದರೆ ಕಥೆಯ ಸತ್ಯವನ್ನು ನುಡಿಯುವ ಹೊಣೆ ಎಷ್ಟೋ ವೇಳೆ ಅಂಚಿನಲ್ಲಿ ನಿಂತ ವ್ಯಕ್ತಿಯ ಮೇಲೆ ಬೀಳುತ್ತದೆ. ಸ್ವೀಡನ್ನಿನ ನಟ ಅಲ್ಲನ್ ಎಡ್ವಾಲ್ (1924–1997) ಈ ಮಾತಿಗೆ ಉತ್ತಮ ನಿದರ್ಶನ. ಯೆಮ್ಟ್‌ಲಾಂಡ್ ಪ್ರಾಂತ್ಯದಲ್ಲಿ ಜನಿಸಿದ ಅವರು ರಂಗಭೂಮಿ, ಚಲನಚಿತ್ರ, ಟೆಲಿವಿಷನ್ ಮೂರರಲ್ಲೂ ದಶಕಗಳ ಕಾಲ ದುಡಿದರು.

ಇಂಗ್ಮಾರ್ ಬರ್ಗ್‌ಮನ್ ನಿರ್ದೇಶಿಸಿದ 'ವಿಂಟರ್ ಲೈಟ್' (1963) ಚಿತ್ರದ ಕೇಂದ್ರದಲ್ಲಿರುವವನು ವಿಶ್ವಾಸವನ್ನು ಕಳೆದುಕೊಂಡ ಲೂಥರನ್ ಪಾದ್ರಿ. ಗುನ್ನಾರ್ ಬ್ಯೋರ್ನ್‌ಸ್ಟ್ರಾಂಡ್ ಆ ಪಾತ್ರವನ್ನು ನಿರ್ವಹಿಸಿದ್ದಾರೆ. ಎಡ್ವಾಲರದು ದೇವಾಲಯದ ಪರಿಚಾರಕ ಫ್ರೋವಿಕನ ಕಿರುಪಾತ್ರ. ನೋವಿನಿಂದ ಬಾಗಿದ ದೇಹದ ಆತ, ಶುಭಸಂದೇಶವನ್ನು ಓದಿದಾಗ ತನಗೆ ಹೊಳೆದುದನ್ನು ಪಾದ್ರಿಯ ಮುಂದಿಡುತ್ತಾನೆ: ಯೇಸುವಿನ ದೈಹಿಕ ಯಾತನೆ ಕೆಲವು ಗಂಟೆಗಳದು, ಶಿಷ್ಯರು ನಿದ್ರಿಸಿ, ಅನಂತರ ಓಡಿಹೋದದ್ದು, ಕೊನೆಗೆ ಪಿತನೂ ಮೌನವಾಗಿದ್ದಾನೆ ಎನಿಸಿದ್ದು ಅದಕ್ಕಿಂತ ಘೋರವಾದ ಯಾತನೆಯಲ್ಲವೇ? ಎಡ್ವಾಲ್ ಇದನ್ನು ಪ್ರವಚನದಂತೆ ನುಡಿಯುವುದಿಲ್ಲ. ತಪ್ಪಾಗಿ ತಿಳಿದಿರಬಹುದೇನೋ ಎಂಬ ಸಂಕೋಚದಿಂದ ಕೇಳುತ್ತಾರೆ. ಆ ಸಂಕೋಚವೇ ಮಾತಿಗೆ ಬಲ ಕೊಡುತ್ತದೆ. ದೇವಶಾಸ್ತ್ರವನ್ನು ಓದಿದ ಪಾದ್ರಿಗೆ ದಕ್ಕದ ಅರಿವು ನೋವುಂಡವನಿಗೆ ದಕ್ಕಿದೆ ಎಂಬುದನ್ನು ನಾವು ನಂಬುತ್ತೇವೆ.

ಯಾನ್ ಟ್ರೊಯೆಲ್ ಅವರ 'ದಿ ಎಮಿಗ್ರಂಟ್ಸ್' (1971) ಚಿತ್ರದಲ್ಲಿ ಅವರು ಧಾರ್ಮಿಕ ಸ್ವಾತಂತ್ರ್ಯವನ್ನು ಅರಸಿ ಅಮೆರಿಕಕ್ಕೆ ಹೊರಟ ದಾನಿಯೆಲ್. ತನ್ನ ವಿಶ್ವಾಸದ ಬಗ್ಗೆ ಅತಿಯಾದ ಭರವಸೆಯುಳ್ಳ ಈ ಭಕ್ತ, ಹಡಗಿನಲ್ಲಿ ಪತ್ನಿಯನ್ನು ಕಳೆದುಕೊಳ್ಳುತ್ತಾನೆ. ಎಡ್ವಾಲ್ ಆತನನ್ನು ಡಾಂಭಿಕನನ್ನಾಗಿ ಮಾಡಿ ನಗೆಪಾಟಲಿಗೆ ಈಡುಮಾಡಲಿಲ್ಲ. ಭಕ್ತಿಯ ಪ್ರಾಮಾಣಿಕತೆಯನ್ನೂ ಅದರ ಕುರುಡನ್ನೂ ಒಟ್ಟಿಗೇ ತೋರಿಸಿದರು.

ಸ್ವೀಡನ್ನಿನ ಮಕ್ಕಳಿಗಾದರೋ ಅವರು ತುಂಟ ಎಮಿಲನ ತಂದೆ. ಆಸ್ಟ್ರಿಡ್ ಲಿಂಡ್‌ಗ್ರೆನ್ ಅವರ ಕಥೆಗಳನ್ನು ಆಧರಿಸಿ 1971ರಿಂದ 1973ರವರೆಗೆ ತೆರೆಗೆ ಬಂದ ಮೂರು ಚಿತ್ರಗಳಲ್ಲಿ ಅವರು ಮಗನ ಹೆಸರನ್ನು ಕಿರುಚುತ್ತಾ ಬೆನ್ನಟ್ಟುತ್ತಾರೆ. ಅದೇ ಕಿರುಚಾಟ ಮತ್ತೆ ಮತ್ತೆ ಬಂದಾಗ ನಗೆ ಯಾಂತ್ರಿಕವಾಗುತ್ತದೆ ಎಂಬುದನ್ನು ಒಪ್ಪಲೇಬೇಕು. ಆದರೂ ಆ ಸಿಟ್ಟಿನ ಹಿಂದೆ ಕಾಸಿಗೆ ಕಾಸು ಕೂಡಿಸುವ ರೈತನ ಆತಂಕವಿದೆ, ಕ್ರೌರ್ಯವಿಲ್ಲ. ಮಕ್ಕಳ ಮೇಲೆ ರೇಗುವ ನಮ್ಮಂತಹ ಹಿರಿಯರು ಆ ಮುಖದಲ್ಲಿ ನಮ್ಮನ್ನೇ ಕಾಣಬಹುದು.

ಬರ್ಗ್‌ಮನ್ನರ 'ಫ್ಯಾನಿ ಅಂಡ್ ಅಲೆಕ್ಸಾಂಡರ್' (1982) ಚಿತ್ರದಲ್ಲಿ ಅವರದು ನಾಟಕಶಾಲೆಯೊಂದನ್ನು ನಡೆಸುವ ಆಸ್ಕರನ ಪಾತ್ರ. ಕ್ರಿಸ್ಮಸ್ ಸಂದರ್ಭದಲ್ಲಿ ಆತ ತೊದಲುತ್ತಲೇ, ರಂಗಭೂಮಿಯೆಂಬ ಪುಟ್ಟ ಲೋಕವು ಹೊರಗಿನ ದೊಡ್ಡ ಲೋಕವನ್ನು ಅರಿಯಲು ನೆರವಾಗುತ್ತದೆಂದು ಸಹೋದ್ಯೋಗಿಗಳಿಗೆ ಹೇಳುತ್ತಾನೆ. ಅನಂತರ ಹ್ಯಾಮ್ಲೆಟನ ತಂದೆಯ ಪ್ರೇತದ ಪಾತ್ರವನ್ನು ಅಭ್ಯಸಿಸುತ್ತಿದ್ದಾಗಲೇ ಕುಸಿದು, ಸಾವನ್ನಪ್ಪುತ್ತಾನೆ. ತೆರೆಯ ಮೇಲೆ ಇರುವುದು ಸ್ವಲ್ಪ ಹೊತ್ತು. ಆದರೆ ಆತನ ಕೊರತೆ ಇಡೀ ಚಿತ್ರವನ್ನು ಆವರಿಸುತ್ತದೆ.

ಆ ಮಾತು ಎಡ್ವಾಲರಿಗೆ ಕೇವಲ ಸಂಭಾಷಣೆಯಾಗಿರಲಿಲ್ಲ. 1986ರಲ್ಲಿ ಅವರು ಸ್ಟಾಕ್‌ಹೋಮಿನಲ್ಲಿ 'ಬ್ರುನ್ಸ್‌ಗಾಟನ್ ಫೀರಾ' ಎಂಬ ಪುಟ್ಟ ನಾಟಕಶಾಲೆಯನ್ನು ಆರಂಭಿಸಿ, ಸಾಯುವವರೆಗೂ ನಡೆಸಿದರು. ಜಗದ್ವಿಖ್ಯಾತ ಚಿತ್ರಗಳಲ್ಲಿ ನಟಿಸಿದ ಮೇಲೂ ಅವರು ಆರಿಸಿಕೊಂಡದ್ದು ಅಂತಹ ಪುಟ್ಟ ಲೋಕವನ್ನೇ.

'ವಿಂಟರ್ ಲೈಟ್' ಚಿತ್ರದ ಕೊನೆಯಲ್ಲಿ ಆರಾಧನೆಗೆ ಬಂದವರು ಇಲ್ಲವೆನ್ನುವಷ್ಟು ವಿರಳ. ಆದರೂ ಫ್ರೋವಿಕ್ ತನ್ನ ಕೆಲಸಕ್ಕೆ ಸಿದ್ಧನಾಗಿ ನಿಂತಿದ್ದಾನೆ. ಎಷ್ಟು ಜನ ನೋಡುತ್ತಿದ್ದಾರೆ ಎಂದು ಎಣಿಸದೆ ವಹಿಸಿದ ಪಾಲನ್ನು ನೆರವೇರಿಸುವುದು ನಟನೆಯ ಮರ್ಮವಿರಬಹುದು. ಬಾಳಿನ ಮರ್ಮವಂತೂ ಹೌದು.