ಚಂದ್ರಿಯ ಹಿಂದೆ ಹೋಗದ ಕ್ಯಾಮೆರಾ

‘ಸಂಸ್ಕಾರ’ ಚಿತ್ರದ ಮಾತು ಬಂದರೆ ಪ್ರಾಣೇಶಾಚಾರ್ಯರಾದ ಗಿರೀಶ ಕಾರ್ನಾಡ, ನಾರಣಪ್ಪನಾದ ಲಂಕೇಶ್, ಕಾದಂಬರಿ ಬರೆದ ಅನಂತಮೂರ್ತಿ, ಆಸ್ಟ್ರೇಲಿಯಾದಿಂದ ಬಂದ ಛಾಯಾಗ್ರಾಹಕ ಟಾಮ್ ಕೋವನ್ ಹೀಗೆ ಹೆಸರುಗಳು ಸಲೀಸಾಗಿ ಉದುರುತ್ತವೆ. ಚಂದ್ರಿಯಾದವರು ಯಾರು ಎಂದರೆ ಬಹಳ ಮಂದಿ ತಡವರಿಸುತ್ತಾರೆ. ಅವರು ಸ್ನೇಹಲತಾ ರೆಡ್ಡಿ. ನಿರ್ದೇಶಕ ಪಟ್ಟಾಭಿರಾಮ ರೆಡ್ಡಿಯವರ ಪತ್ನಿ, ‘ಮದ್ರಾಸ್ ಪ್ಲೇಯರ್ಸ್’ ನಾಟಕ ತಂಡ ಕಟ್ಟಿದವರಲ್ಲೊಬ್ಬರು. ನಮ್ಮದೇ ಜಿಲ್ಲೆಯ ಶೃಂಗೇರಿ ಬಳಿಯ ವೈಕುಂಠಪುರದಲ್ಲಿ ಚಿತ್ರೀಕರಣವಾಗಿ, ಸೆನ್ಸಾರಿನವರ ತಡೆ ದಾಟಿ, 1970ರ ಸ್ವರ್ಣಕಮಲ ಪಡೆದ ಈ ಚಿತ್ರದಿಂದಲೇ ಕನ್ನಡದ ಹೊಸ ಅಲೆಯ ಲೆಕ್ಕ ಶುರು.

ನಾರಣಪ್ಪನ ಹೆಣ ಮನೆಯಲ್ಲಿ ಬಿದ್ದಿದೆ. ಸಂಸ್ಕಾರ ಮಾಡಬೇಕಾದವರು ಯಾರೆಂದು ಅಗ್ರಹಾರ ಶಾಸ್ತ್ರ ಜಾಲಾಡುತ್ತಿದೆ. ಚಂದ್ರಿ ಮೈಮೇಲಿನ ಬಂಗಾರ ಬಿಚ್ಚಿ ಆಚಾರ್ಯರ ಮುಂದಿಡುತ್ತಾಳೆ, ಖರ್ಚಿಗಿರಲಿ ಎಂದು. ಅಷ್ಟೇ ಸಾಕು, ಶಾಸ್ತ್ರದ ಜಾಗದಲ್ಲಿ ಆಸೆ ಬಂದು ಕೂರುತ್ತದೆ. ಕಡೆಗೆ ಒಬ್ಬ ಮುಸಲ್ಮಾನನ ನೆರವು ಪಡೆದು ರಾತ್ರೋರಾತ್ರಿ ಹೆಣ ಸುಡಿಸಿ ಊರು ಬಿಡುವವಳೂ ಅವಳೇ. ಇಡೀ ಕತೆಯಲ್ಲಿ ಉತ್ತರ ಗೊತ್ತಿದ್ದವಳು ಚಂದ್ರಿಯೊಬ್ಬಳೇ. ಆದರೆ ಕ್ಯಾಮೆರಾ ಅವಳ ಹಿಂದೆ ಹೋಗುವುದಿಲ್ಲ, ಉತ್ತರ ಗೊತ್ತಿಲ್ಲದೆ ಅಲೆಯುವ ಆಚಾರ್ಯರ ಹಿಂದೆ ಹೋಗುತ್ತದೆ. ಕಾದಂಬರಿಯೇ ಹಾಗಿದೆಯಲ್ಲ ಎಂದರೆ ಒಪ್ಪುತ್ತೇನೆ. ಆ ದಾರಿಯನ್ನೇ ಒಂದು ಪಂಥ ಎರಡು ದಶಕ ತುಳಿಯಿತಲ್ಲ ಎಂಬುದು ನನ್ನ ತಕರಾರು.

1977ರ ‘ಘಟಶ್ರಾದ್ಧ’ದಲ್ಲಿ ಮೀನಾ ಕುಟ್ಟಪ್ಪ ಬಸಿರಾದ ವಿಧವೆ ಯಮುನೆಯಾದರು. ಅವರು ಮಾತಿಗಿಂತ ಮೌನದಲ್ಲೇ ಹೆಚ್ಚು ಅಭಿನಯಿಸಿದರು. ಆದರೂ ನಾವು ಅವಳನ್ನು ನೋಡುವುದು ಪುಟ್ಟ ಹುಡುಗ ನಾಣಿಯ ಕಣ್ಣಿನಿಂದ. ‘ತಬರನ ಕಥೆ’ಯಲ್ಲಿ ಕಾಲು ಕೊಳೆತು ಸಾಯುವವಳು ನಳಿನಾ ಮೂರ್ತಿಯವರ ಅಪ್ಪಿ, ರಾಷ್ಟ್ರಪ್ರಶಸ್ತಿ ಬಂದದ್ದು ತಬರನಾದ ಚಾರುಹಾಸನ್ ಅವರಿಗೆ. ಪ್ರಶಸ್ತಿ ತಪ್ಪೆಂದು ನಾನು ಹೇಳುತ್ತಿಲ್ಲ, ಚಾರುಹಾಸನ್ ಅಪರೂಪದ ನಟ. ಆದರೆ ಹೆಣ್ಣಿನ ನೋವಿನಿಂದಲೇ ತೂಕ ಪಡೆದ ಈ ಚಿತ್ರಗಳು ಆ ನೋವನ್ನು ಮೈಮೇಲೆ ಹೊತ್ತು ನಟಿಸಿದವರನ್ನು ಅಷ್ಟಾಗಿ ನೆನಪಿನಲ್ಲಿ ಉಳಿಸಲಿಲ್ಲ.

ಸ್ನೇಹಲತಾರ ಮಟ್ಟಿಗೆ ಮಾತ್ರ ದೂರನ್ನೆಲ್ಲ ಸಿನಿಮಾದ ತಲೆಗೆ ಕಟ್ಟಲಾಗದು. ತುರ್ತುಪರಿಸ್ಥಿತಿಯಲ್ಲಿ, 1976ರ ಮೇ ತಿಂಗಳಲ್ಲಿ, ಬರೋಡಾ ಡೈನಮೈಟ್ ಪ್ರಕರಣದ ಹೆಸರಿನಲ್ಲಿ ಅವರನ್ನು ಬಂಧಿಸಿದರು. ಉಬ್ಬಸದ ರೋಗಿಯಾಗಿದ್ದ ಅವರು ಬೆಂಗಳೂರಿನ ಜೈಲಿನಲ್ಲಿ ಎಂಟು ತಿಂಗಳು ನರಳಿದರು. ಪೆರೋಲ್ ಮೇಲೆ ಬಿಟ್ಟ ಕೆಲವೇ ದಿನಗಳಲ್ಲಿ, 1977ರ ಜನವರಿ 20ರಂದು, ತೀರಿಕೊಂಡರು. ಅಂತಿಮ ಆರೋಪಪಟ್ಟಿಯಲ್ಲಿ ಅವರ ಹೆಸರೇ ಇರಲಿಲ್ಲ. ಈಗ ಅವರ ಜೈಲಿನ ದಿನಚರಿಯನ್ನು ಓದುವವರು ಸಿಗುತ್ತಾರೆ, ಚಂದ್ರಿಯ ಅಭಿನಯದ ಬಗ್ಗೆ ನಾಲ್ಕು ಸಾಲು ಬರೆದವರು ಅಪರೂಪ. ಹುತಾತ್ಮೆಯ ಗೌರವ ನಟಿಯನ್ನು ಮರೆಮಾಡಿದೆ.

ಈ ಹಾದಿಯಿಂದ ಪಕ್ಕಕ್ಕೆ ಸರಿದ ಚಿತ್ರ ‘ಫಣಿಯಮ್ಮ’. ಎಂ.ಕೆ. ಇಂದಿರಾ ಅವರ ಕಾದಂಬರಿ, ಪ್ರೇಮಾ ಕಾರಂತರ ನಿರ್ದೇಶನ, ಎಲ್.ವಿ. ಶಾರದಾ ಅವರ ಅಭಿನಯ. ‘ವಂಶವೃಕ್ಷ’ದಲ್ಲಿ ಎರಡು ಮನೆತನಗಳ ನಡುವೆ ಸಿಕ್ಕಿ ಬಳಲುವ ಕಾತ್ಯಾಯಿನಿಯಾಗಿದ್ದ ಶಾರದಾ ಇಲ್ಲಿ ಒಂದಿಡೀ ಆಯುಷ್ಯವನ್ನೇ ಅಭಿನಯಿಸಿದರು. ಕ್ಯಾಮೆರಾ ಕಡೆತನಕ ಬಾಲವಿಧವೆಯ ಜೊತೆಗಿರುತ್ತದೆ. ತಲೆ ಬೋಳಿಸಿಕೊಳ್ಳಲಾರೆ ಎಂದ ದಾಕ್ಷಾಯಿಣಿಯ ಪರ ಫಣಿಯಮ್ಮ ನಿಂತಾಗ ಆ ನಿಲುವು ಯಾವ ಗಂಡಸಿನ ಆತ್ಮಶೋಧನೆಗೂ ಸಾಮಗ್ರಿಯಾಗುವುದಿಲ್ಲ.

ನಮ್ಮ ಕಡೆಯ ದೂರು ಇನ್ನೊಂದಿದೆ. ಹೊಸ ಅಲೆ ಮಲೆನಾಡಿಗೆ ಬಂದದ್ದು ಹೆಚ್ಚಾಗಿ ಅಗ್ರಹಾರ ಹುಡುಕಿಕೊಂಡು. ಬಾಬಾಬುಡನ್‌ಗಿರಿಯ ಮಗ್ಗುಲಿನ ಅತ್ತಿಗುಂಡಿಯಲ್ಲಿ ಬೆಳಗ್ಗೆ ಕಾಫಿ ಹಣ್ಣು ಕುಯ್ಯಲು ಇಳಿದು, ಸಂಜೆ ಮೂಟೆ ತೂಕ ಹಾಕಿಸಿ ಲೈನಿಗೆ ಮರಳುವ ಹೆಂಗಸು ಅದರ ಕಣ್ಣಿಗೆ ಬೀಳಲೇ ಇಲ್ಲವೆನ್ನಬೇಕು. ಮೂಡಿಗೆರೆಯ ತೇಜಸ್ವಿಯವರ ಕತೆಯಿಂದ 1992ರಲ್ಲಿ ಸದಾನಂದ ಸುವರ್ಣ ಮಾಡಿದ ‘ಕುಬಿ ಮತ್ತು ಇಯಾಲ’ದ ಹೆಸರಿನಲ್ಲೇ ಒಬ್ಬ ಹೆಣ್ಣಿದ್ದಾಳೆ, ನಿಜ. ಆದರೆ ಕತೆ ಇಯಾಲಳ ಸಾವಿನ ಪತ್ತೆಯದು, ಪತ್ತೆಗೆ ಹೊರಡುವವನು ಡಾಕ್ಟರ್ ಕುಬಿ.